ಕನ್ನಡಿಯ ಮಾಟ: ಒಂದು ಅಪಾಯದ ವಿದ್ಯೆಯ ಚರಿತ್ರೆ

ಪ್ರತಿಬಿಂಬವನ್ನು ಹಿಡಿದವನು ಬಿಂಬವನ್ನೂ ಹಿಡಿದನು. ಎಡಕ್ಕೆ ಸರಿಯಾಗಿ ಬಲವನ್ನು ಬರೆದ ಮಂಡಲದೊಳಗೆ ಎಂತಹ ಶಕ್ತಿಯಾದರೂ ಸೆರೆಸಿಕ್ಕುವುದು. ಈ ಎರಡು ನಂಬಿಕೆಗಳ ಮೇಲೆ ನಿಂತ ಮಾಂತ್ರಿಕರ ಕಥೆಗಳನ್ನು ನಮ್ಮ ವಿದ್ಯಾರ್ಥಿಗಳು ಆಸೆಯಿಂದ ಓದುತ್ತಾರೆ. ಅಂತಹ ಗುರುಪರಂಪರೆ ಕಥೆಗಾರನ ಕಲ್ಪನೆಯೇ ಹೊರತು ಬೇರೆಯಲ್ಲವೆಂದು ನಾವು ಎಣಿಸುವುದು ಸಹಜ. ಆದರೆ ಚರಿತ್ರೆಯನ್ನು ಶೋಧಿಸಿದರೆ ಅದಕ್ಕೆ ಬಹು ಸಮೀಪವಾದ ವಿದ್ಯೆಯೊಂದು ನಮ್ಮ ದೇಶದಲ್ಲಿ ಎರಡು ಸಾವಿರ ವರ್ಷಗಳಿಗೂ ಮಿಗಿಲಾಗಿ ಬಾಳಿದುದು ಕಂಡುಬರುತ್ತದೆ. ಕೊಯಮತ್ತೂರು, ತಿರುಪ್ಪೂರು ಸೀಮೆಯ ಕನ್ನಡಿಗರಾದ ನಮಗೆ ಅದರ ಹೆಸರು ಹೊಸದಲ್ಲ. ನಾವು ‘ಅಂಜನ ಹಾಕಿ ನೋಡುವುದು’ ಎನ್ನುತ್ತೇವೆ. ನೆರೆಯ ತಮಿಳರು ‘ಮೈ ಪೋಟ್ಟುಪ್ ಪಾರ್ಪದು’ ಎನ್ನುತ್ತಾರೆ.

ಅದರ ಕ್ರಮ ಸರಳವಾದುದು. ಮನೆಯಲ್ಲಿ ಒಡವೆ ಕಳುವಾದರೆ ಮಂತ್ರವಾದಿಯನ್ನು ಕರೆಸುವರು. ಅವನು ವೀಳ್ಯದೆಲೆಯ ಮೇಲೋ ಅಂಗೈಯಲ್ಲೋ ಹೊಳೆಯುವ ಕಪ್ಪು ಅಂಜನವನ್ನು ಸವರಿ, ದೀಪದ ಬೆಳಕಿನಲ್ಲಿ ಎಳೆಯ ಮಗುವೊಂದನ್ನು ಅದರೆದುರು ಕೂರಿಸುವನು. ‘ಏನು ಕಾಣುತ್ತದೆ? ಯಾರು ಬಂದರು?’ ಎಂದು ಕೇಳುತ್ತ ಹೋಗುವನು. ಮಗು ಹೇಳಿದವನೇ ಕಳ್ಳನಾಗುವನು.

ಈ ವಿದ್ಯೆಯ ಪ್ರಾಚೀನತೆಗೆ ಸಾಕ್ಷ್ಯಗಳು ಹೇರಳವಾಗಿವೆ. ಬೌದ್ಧರ ದೀಘನಿಕಾಯದ ಬ್ರಹ್ಮಜಾಲಸುತ್ತವು ಭಿಕ್ಷುಗಳಿಗೆ ಸಲ್ಲದ ಕೀಳು ವಿದ್ಯೆಗಳನ್ನು ಎಣಿಸುವಾಗ ‘ಆದಾಸಪಞ್ಹ’, ಎಂದರೆ ಕನ್ನಡಿಯನ್ನು ಪ್ರಶ್ನೆ ಕೇಳುವುದು, ಮತ್ತು ‘ಕುಮಾರಿಕಪಞ್ಹ’, ಎಂದರೆ ಬಾಲಿಕೆಯ ಮೂಲಕ ಪ್ರಶ್ನೆ ಕೇಳುವುದು, ಎಂಬೆರಡನ್ನು ಹೆಸರಿಸುತ್ತದೆ. ಜೈನರ ಸ್ಥಾನಾಂಗಸೂತ್ರದಲ್ಲಿಯೂ ಕನ್ನಡಿಯ ಪ್ರಶ್ನೆ, ಹೆಬ್ಬೆರಳಿನ ಪ್ರಶ್ನೆಗಳ ಉಲ್ಲೇಖವುಂಟು. ವಿದ್ಯೆಯನ್ನು ನಿಷೇಧಿಸಬೇಕಾಗಿ ಬಂದಿತೆಂದರೆ ಅದು ಆಗಲೇ ಜನರಲ್ಲಿ ಬೇರೂರಿತ್ತೆಂದು ತಿಳಿಯಬೇಕು. ಮುಂದೆ ತಾಂತ್ರಿಕರ ಕಾಲದಲ್ಲಿ ಇದೇ ‘ಪ್ರಸೇನ’ವೆಂಬ ಹೆಸರಿನಿಂದ ಶಾಸ್ತ್ರದ ಪದವಿಗೇರಿತು, ಕನ್ನಡಿ, ಖಡ್ಗ, ದೀಪ, ನೀರು, ಎಣ್ಣೆ ಸವರಿದ ಹೆಬ್ಬೆರಳು ಮೊದಲಾದ ಹೊಳೆಯುವ ವಸ್ತುಗಳೆಲ್ಲ ಅದರ ಸಾಧನಗಳಾದವು.

ಕರ್ಣಾಟಕದ ಪಾಲೂ ಇದರಲ್ಲಿ ಸಣ್ಣದಲ್ಲ. ಕ್ರಿ.ಶ. ೯೩೯ರಲ್ಲಿ ರಾಷ್ಟ್ರಕೂಟರ ರಾಜಧಾನಿಯಾದ ಮಾನ್ಯಖೇಟದಲ್ಲಿ ಇಂದ್ರನಂದಿಯು ‘ಜ್ವಾಲಾಮಾಲಿನೀಕಲ್ಪ’ವನ್ನು ರಚಿಸಿದನು. ಈ ಮಂತ್ರಸಂಪ್ರದಾಯದ ಮೂಲವನ್ನು ಆತನು ತಮಿಳುನಾಡಿಗೆ ಒಯ್ಯುತ್ತಾನೆ. ಹೇಮಗ್ರಾಮದ ಹೇಲಾಚಾರ್ಯನು ಬ್ರಹ್ಮರಾಕ್ಷಸನ ಪೀಡೆಗೆ ಸಿಕ್ಕಿದ ತನ್ನ ಶಿಷ್ಯೆಯನ್ನು ಬಿಡಿಸಲು ನೀಲಗಿರಿಯ ಶಿಖರದಲ್ಲಿ ದೇವಿಯನ್ನು ಆರಾಧಿಸಿದನಂತೆ. ಆ ನೀಲಗಿರಿಯು ನಮ್ಮ ವಾಯವ್ಯ ದಿಕ್ಕಿನಲ್ಲಿ ಕಾಣುವ ಉದಕಮಂಡಲದ ನೀಲಗಿರಿಯಲ್ಲ, ವಂದವಾಸಿಯ ಬಳಿಯ ಪೊನ್ನೂರಿನ ಬೆಟ್ಟವೆಂದು ವಿದ್ವಾಂಸರು ಗುರುತಿಸಿದ್ದಾರೆ. ಮುಂದಿನ ಶತಮಾನದಲ್ಲಿ ಮುಳುಗುಂದದ ಮಲ್ಲಿಷೇಣಸೂರಿಯು ‘ಭೈರವಪದ್ಮಾವತೀಕಲ್ಪ’ವನ್ನು ಬರೆದನು. ಅದರ ಹತ್ತು ಅಧಿಕಾರಗಳಲ್ಲಿ ಸ್ತಂಭನ, ವಶ್ಯಗಳೊಡನೆ ‘ದರ್ಪಣಾದಿ ನಿಮಿತ್ತ’ಕ್ಕೂ ಒಂದು ಅಧಿಕಾರವು ಮೀಸಲಾಗಿದೆ. ಹೀಗೆ ಕನ್ನಡಿಯ ಮಾಟವು ಹಳ್ಳಿಯ ಮಂತ್ರವಾದಿಯ ಕೈಯಲ್ಲಿ ಮಾತ್ರವಲ್ಲದೆ ಪಂಡಿತರ ಓಲೆಗರಿಯಲ್ಲಿಯೂ ನೆಲೆಗೊಂಡಿತ್ತು.

ಪ್ರತಿಬಿಂಬಕ್ಕೆ ಮಂಡಲದ ಸಮತೆಯು ಕೂಡಿಬಂದುದನ್ನು ನೋಡಬೇಕಾದರೆ ಕಡಲಾಚೆಯ ಕೈರೋ ನಗರಕ್ಕೆ ಹೋಗಬೇಕು. ಅಲ್ಲಿನ ಮಾಂತ್ರಿಕನೊಬ್ಬನ ಪ್ರಯೋಗವನ್ನು ಆಂಗ್ಲ ವಿದ್ವಾಂಸನಾದ ಎಡ್ವರ್ಡ್ ಲೇನನು ಕಣ್ಣಾರೆ ಕಂಡು ೧೮೩೬ರಲ್ಲಿ ಪ್ರಕಟಿಸಿದನು. ಮಾಂತ್ರಿಕನು ಹುಡುಗನ ಅಂಗೈಯ ಮೇಲೆ ಒಂಬತ್ತು ಮನೆಗಳ ಚೌಕವನ್ನು ಬರೆದು ಅಂಕಿಗಳನ್ನು ತುಂಬಿ, ನಡುವೆ ಮಸಿಯನ್ನು ಹನಿಸಿ, ಆ ಮಸಿಯ ಕನ್ನಡಿಯನ್ನು ನೋಡೆಂದನು. ೪, ೯, ೨. ೩, ೫, ೭. ೮, ೧, ೬ ಎಂಬ ಆ ಚೌಕವನ್ನು ಅಡ್ಡ, ಉದ್ದ, ಮೂಲೆಯಿಂದ ಮೂಲೆಗೆ ಹೇಗೆ ಕೂಡಿದರೂ ಹದಿನೈದೇ ಬರುವುದು. ನಮ್ಮ ಯಂತ್ರಗಳಲ್ಲಿಯೂ ಇಂತಹ ಅಂಕಿಗಳ ಚೌಕಗಳುಂಟು. ಖಜುರಾಹೊದ ಪಾರ್ಶ್ವನಾಥ ಬಸದಿಯಲ್ಲಿ ಕೊರೆದ ಹದಿನಾರು ಮನೆಗಳ ಚೌಕದ ಮೊತ್ತವು ಎತ್ತಲಿಂದಲೂ ಮೂವತ್ತನಾಲ್ಕು. ಮಾಂತ್ರಿಕನು ಈ ಸಮತೆಯನ್ನು ದೇವತೆಯ ಶಕ್ತಿಯೆಂದು ಬಚ್ಚಿಟ್ಟನು. ೧೩೫೬ರಲ್ಲಿ ‘ಗಣಿತಕೌಮುದಿ’ಯನ್ನು ಬರೆದ ನಾರಾಯಣ ಪಂಡಿತನು ಅದನ್ನೇ ‘ಭದ್ರಗಣಿತ’ವೆಂದು ಕರೆದು, ಯಾರು ಬೇಕಾದರೂ ಚೌಕವನ್ನು ರಚಿಸುವಂತೆ ಸೂತ್ರಗಳನ್ನು ಕೊಟ್ಟನು. ಒಂದೇ ಚೌಕವು ಒಬ್ಬನ ಕೈಯಲ್ಲಿ ಭಯವನ್ನೂ ಇನ್ನೊಬ್ಬನ ಕೈಯಲ್ಲಿ ಪಾಠವನ್ನೂ ಹೆತ್ತಿತು.

ಈ ವಿದ್ಯೆಯು ಅಪಾಯಕರವೆಂದು ಅದನ್ನು ನಂಬಿದವರೇ ಒಪ್ಪಿದ್ದರು. ಮಾಡಿದವನಿಗೇ ಮಾಟವನ್ನು ಹಿಂದಿರುಗಿಸುವ ಸೂಕ್ತಗಳು ಅಥರ್ವವೇದದಲ್ಲಿವೆ. ಪ್ರತ್ಯಂಗಿರೆಯ ಉಪಾಸನೆಯ ತಿರುಳೂ ಅದೇ. ಭಾಗವತದ ಸುದಕ್ಷಿಣನು ಕೃಷ್ಣನ ಮೇಲೆ ಅಭಿಚಾರಾಗ್ನಿಯನ್ನು ಕಳುಹಿಸಲು, ಅದು ಸುದರ್ಶನಕ್ಕೆ ಸೋತು ಕಾಶಿಗೆ ಮರಳಿ ಅವನನ್ನೂ ಅವನ ಪುರೋಹಿತರನ್ನೂ ಸುಟ್ಟಿತು. ಆದರೆ ಪುರಾಣದ ಈ ತಿರುಗುಬಾಣವು ನಿಜಜೀವನದಲ್ಲಿ ಮಂತ್ರವಾದಿಯನ್ನು ತಾಗುವುದು ಅಪರೂಪ. ಅದು ತಾಗುವುದು ಮಗುವಿನ ಬಾಯಿಂದ ಹೆಸರು ಹೊರಟ ಕೂಲಿಯವನನ್ನು, ಮನೆಗೆಲಸದವಳನ್ನು, ಊರವರಿಗೆ ಮೊದಲೇ ಆಗದವನನ್ನು. ಅಂಜನದಲ್ಲಿ ಮೂಡುವುದು ಹೆಚ್ಚಾಗಿ ನೆರೆದವರ ಸಂಶಯವೇ. ಆ ಸಂಶಯಕ್ಕೆ ಮಗುವು ನಾಲಿಗೆಯಾಗುತ್ತದೆ.

ಹಾಗಾದರೆ ಮಗು ಸುಳ್ಳು ಹೇಳಿತೆ? ಹಾಗೆನ್ನುವಂತಿಲ್ಲ. ಇಟಲಿಯ ಉರ್ಬೀನೊ ವಿಶ್ವವಿದ್ಯಾನಿಲಯದ ಜೊವಾನ್ನಿ ಕಪೂಟೊ ಎಂಬ ಮನಃಶಾಸ್ತ್ರಜ್ಞರು ೨೦೧೦ರಲ್ಲಿ ಪ್ರಕಟಿಸಿದ ಪ್ರಯೋಗವೊಂದು ಇಲ್ಲಿ ಸ್ಮರಣೀಯವಾದುದು. ಐವತ್ತು ಮಂದಿಯನ್ನು ಮಂದ ಬೆಳಕಿನಲ್ಲಿ ಹತ್ತು ನಿಮಿಷ ಕನ್ನಡಿಯ ಮುಂದೆ ಕೂರಿಸಲು, ನೂರಕ್ಕೆ ಅರುವತ್ತಾರು ಮಂದಿಗೆ ತಮ್ಮ ಮುಖವೇ ವಿಕಾರವಾಗಿ ಮಾರ್ಪಟ್ಟಂತೆ ಕಂಡಿತು. ಕೆಲವರಿಗೆ ಅಪರಿಚಿತರ ಮುಖಗಳೂ ಕಂಡವು. ಕದಲದೆ ನೆಟ್ಟ ದೃಷ್ಟಿಗೆ ರೂಪರೇಖೆಗಳು ಮಾಸುತ್ತವೆ. ಮಾಸಿದ ಎಡೆಯನ್ನು ಮನಸ್ಸು ತಾನೇ ತುಂಬಿಕೊಳ್ಳುತ್ತದೆ. ಮಗು ಏನನ್ನೋ ಕಂಡುದು ನಿಜವಿರಬಹುದು, ಕಂಡುದು ಕಳ್ಳನನ್ನಲ್ಲ.

ಕನ್ನಡಿಯನ್ನು ಈ ಸೆರೆಯಿಂದ ಬಿಡಿಸಿದ ಮಹನೀಯರೂ ನಮ್ಮ ದಕ್ಷಿಣದಲ್ಲಿಯೇ ಆಗಿಹೋದರು. ಇಂದಿನ ಕನ್ಯಾಕುಮಾರಿ ಜಿಲ್ಲೆಯ ಸ್ವಾಮಿತೋಪಿನ ವೈಕುಂಠಸ್ವಾಮಿಗಳ (೧೮೦೯–೧೮೫೧) ಪಂಥದಲ್ಲಿ ವಿಗ್ರಹದ ಸ್ಥಾನದಲ್ಲಿ ಕನ್ನಡಿಯಿದೆ. ದೇಗುಲದ ಹೊಸ್ತಿಲನ್ನೂ ದಾಟಗೊಡದಿದ್ದ ಕಾಲದಲ್ಲಿ, ಕೀಳೆನಿಸಿಕೊಂಡವನು ಗರ್ಭಗೃಹದಲ್ಲಿ ತನ್ನ ಮುಖವನ್ನೇ ಕಂಡನು. ಕೇರಳದ ಕಳವಂಕೋಡದಲ್ಲಿ ೧೯೨೭ರಲ್ಲಿ ಶ್ರೀ ನಾರಾಯಣಗುರುಗಳು ಕನ್ನಡಿಯನ್ನೇ ಪ್ರತಿಷ್ಠಾಪಿಸಿದರು. ಮಂತ್ರವಾದಿಯ ಕನ್ನಡಿಯಲ್ಲಿ ಪರರ ದೋಷವನ್ನು ಹುಡುಕುವರು. ಇವರ ಕನ್ನಡಿಯಲ್ಲಿ ಹುಡುಕಬೇಕಾದುದು ತನ್ನನ್ನು. ನಮ್ಮ ಕೊಂಗುನಾಡಿನ ಮನೆಗಳಲ್ಲಿಯೂ ಚಿತ್ತಿರೈ ಮೊದಲ ದಿನ ಹಣ್ಣುಹಂಪಲುಗಳ ಹಿಂದೆ ಕನ್ನಡಿಯಿಟ್ಟು ಕಣಿ ಕಾಣುವ ರೂಢಿಯಿದೆ. ಅಲ್ಲಿಯೂ ಕಾಣುವುದು ಸಮೃದ್ಧಿಯ ನಡುವಿನ ತನ್ನ ಮುಖವೇ.

ಕರ್ಣಾಟಕ ರಾಜ್ಯವು ಅಮಾನುಷ ದುಷ್ಟ ಪದ್ಧತಿಗಳನ್ನೂ ವಾಮಾಚಾರವನ್ನೂ ತಡೆಯಲು ೨೦೧೭ರಲ್ಲಿ ಶಾಸನವನ್ನು ರಚಿಸಿತು. ಶಾಸನವು ತಪ್ಪಿತಸ್ಥನನ್ನು ದಂಡಿಸಬಲ್ಲುದು. ಭಯವನ್ನು ಬಿಡಿಸುವ ಕೆಲಸ ಶಾಲೆಯದು. ಉಪಾಧ್ಯಾಯ ಮಿತ್ರರು ಒಂಬತ್ತು ಮನೆಗಳ ಚೌಕವನ್ನು ಕರಿಹಲಗೆಯ ಮೇಲೆ ಬರೆದು ಮಕ್ಕಳಿಂದಲೇ ತುಂಬಿಸಲಿ. ಒಂದು ಕನ್ನಡಿಯನ್ನು ತಂದು, ಪತನಕೋನವೂ ಪ್ರತಿಫಲನಕೋನವೂ ಸಮವೆಂಬುದನ್ನು ಅಳೆಯಿಸಲಿ. ನಮ್ಮ ನೇಕಾರರ ಮನೆಯ ಮಕ್ಕಳಿಗೆ ಸಮತೆಯನ್ನು ಹೊಸದಾಗಿ ಕಲಿಸಬೇಕಾಗಿಯೂ ಇಲ್ಲ. ಸೀರೆಯ ಒಂದಂಚಿಗೆ ಸರಿಯಾಗಿ ಇನ್ನೊಂದಂಚು ಏಳುವುದನ್ನು ಅವರು ದಿನವೂ ಮಗ್ಗದ ಮೇಲೆ ನೋಡುತ್ತಾರೆ. ಹೀಗೆ ಅಳೆದು ಕಲಿತ ಮಗುವನ್ನು ನಾಳೆ ಯಾರಾದರೂ ಅಂಜನದ ಮುಂದೆ ಕೂರಿಸಿ ‘ಯಾರು ಕಾಣುತ್ತಾರೆ?’ ಎಂದು ಕೇಳಿದರೆ, ‘ನಾನೇ ಕಾಣುತ್ತೇನೆ’ ಎಂದು ಹೇಳುವ ಧೈರ್ಯ ಅದಕ್ಕಿರುತ್ತದೆ.