ಹಾಲು ಬಿಡಿಸಿದ ರಾತ್ರಿ: ಶಿಶುಪಾಲನೆಯ ನೆರವಿನ ಒಂದು ಚರಿತ್ರೆ

ದ್ವಿತೀಯ ಖಲೀಫಾ ಹಝ್ರತ್ ಉಮರ್ ಇಬ್ನುಲ್ ಖತ್ತಾಬ್(ರ)ರ ಕಾಲದಲ್ಲಿ ಇರಾಕ್ ಮತ್ತು ಶಾಮ್ ಪ್ರಾಂತ್ಯಗಳ ಕಂದಾಯ ಮದೀನಾಕ್ಕೆ ಹರಿದು ಬರತೊಡಗಿದಾಗ, ಅದನ್ನು ಯಾರಿಗೆ, ಎಷ್ಟು, ಯಾವ ಲೆಕ್ಕದಲ್ಲಿ ಹಂಚಬೇಕೆಂಬ ಪ್ರಶ್ನೆ ಎದುರಾಯಿತು. ಹಝ್ರತ್ ಅಬೂಬಕರ್(ರ)ರ ಕಾಲದಲ್ಲಿ ಬಂದದ್ದು ಅಲ್ಪ. ಬಂದಂತೆಯೇ ಸಮನಾಗಿ ಹಂಚಲಾಗುತ್ತಿತ್ತು. ಈಗ ಅದು ಸಾಧ್ಯವಿರಲಿಲ್ಲ. ಹಿಜರಿ 20ರ ಸುಮಾರಿಗೆ ಉಮರ್(ರ) ದೀವಾನ್ ಎಂಬ ದಫ್ತರನ್ನು ಸ್ಥಾಪಿಸಿದರು. ಜನರ ಹೆಸರುಗಳನ್ನು ಕುಲವಾರು ಬರೆಸಿ, ಪ್ರತಿಯೊಬ್ಬರಿಗೂ ಬೈತುಲ್ ಮಾಲ್‌ನಿಂದ ವಾರ್ಷಿಕ ವೇತನವನ್ನು ಗೊತ್ತುಪಡಿಸಿದರು. ಅದರಲ್ಲಿ ಮಕ್ಕಳಿಗೂ ಪಾಲಿತ್ತು. ಆದರೆ ಒಂದು ಷರತ್ತಿತ್ತು: ಮಗು ತಾಯಿಯ ಹಾಲು ಬಿಟ್ಟಿರಬೇಕು.

ಆಡಳಿತದ ದೃಷ್ಟಿಯಿಂದ ನೋಡಿದರೆ ಷರತ್ತು ಅನ್ಯಾಯದ್ದೆಂದು ತೋರುವುದಿಲ್ಲ. ಮೊಲೆಹಾಲು ಕುಡಿಯುವ ಕೂಸಿಗೆ ಬೇರೆ ಆಹಾರದ ಖರ್ಚಿಲ್ಲ. ಅನ್ನ ತಿನ್ನಲು ತೊಡಗಿದ ಮೇಲೆ ಖರ್ಚು ಆರಂಭವಾಗುತ್ತದೆ. ಆಗಿನಿಂದ ನೆರವು ಕೊಟ್ಟರಾಯಿತು. ಇಂದಿನ ಯಾವುದೇ ಕಚೇರಿಯ ಗುಮಾಸ್ತನೂ ಇದೇ ತರ್ಕವನ್ನು ಮಂಡಿಸಿಯಾನು.

ಆ ಬಳಿಕ ನಡೆದುದನ್ನು ಇಬ್ನು ಸಅದ್ ಮೊದಲಾದ ಚರಿತ್ರಕಾರರು ದಾಖಲಿಸಿದ್ದಾರೆ. ಒಂದು ವರ್ತಕರ ತಂಡ ಮದೀನಾದ ಈದ್‌ಗಾಹ್ ಬಯಲಿನಲ್ಲಿ ಬೀಡುಬಿಟ್ಟಿತ್ತು. ಕಳ್ಳರ ಭಯವಿದ್ದುದರಿಂದ ಉಮರ್(ರ), ಅಬ್ದುರ್ರಹ್ಮಾನ್ ಇಬ್ನು ಔಫ್(ರ)ರನ್ನು ಜೊತೆಗೆ ಕರೆದುಕೊಂಡು ಆ ರಾತ್ರಿ ಕಾವಲಿಗೆ ಹೋದರು. ಇಬ್ಬರೂ ನಮಾಝ್ ಮಾಡುತ್ತಾ ಎಚ್ಚರವಿದ್ದರು. ಒಂದು ಮಗುವಿನ ಅಳು ಕೇಳಿಸಿತು. ಉಮರ್(ರ) ತಾಯಿಯ ಬಳಿಗೆ ಹೋಗಿ, ಅಲ್ಲಾಹನನ್ನು ಭಯಪಟ್ಟು ಮಗುವನ್ನು ಚೆನ್ನಾಗಿ ನೋಡಿಕೊಳ್ಳುವಂತೆ ಹೇಳಿ ಮರಳಿದರು. ಮತ್ತೆ ಅಳು, ಮತ್ತೆ ಹೋಗಿ ಹೇಳಿದರು. ರಾತ್ರಿಯ ಕೊನೆಯ ಜಾವದಲ್ಲಿ ಮೂರನೆಯ ಬಾರಿ ಅಳು ಕೇಳಿದಾಗ ಗದರಿಯೇಬಿಟ್ಟರು. ತನ್ನ ಮುಂದೆ ನಿಂತವರು ಯಾರೆಂದು ಅರಿಯದ ಆಕೆ ಬೇಸತ್ತು ಉತ್ತರಿಸಿದಳು: ಮಗುವಿಗೆ ಹಾಲು ಬಿಡಿಸುತ್ತಿದ್ದೇನೆ, ಅದು ಒಲ್ಲೆನೆನ್ನುತ್ತಿದೆ. ಯಾಕೆ ಬಿಡಿಸುತ್ತೀ ಎಂದು ಕೇಳಿದರು. ಉಮರ್ ಹಾಲು ಬಿಟ್ಟ ಮಕ್ಕಳಿಗೆ ಮಾತ್ರ ವೇತನ ಕೊಡುತ್ತಾರೆಂದು ಆಕೆ ಹೇಳಿದಳು. ಮಗುವಿಗೆ ಇನ್ನೂ ಕೆಲವೇ ತಿಂಗಳಾಗಿತ್ತು.

ಅಂದು ಫಜ್ರ್ ನಮಾಝಿನಲ್ಲಿ ಖಲೀಫರ ಕಿರಾಅತ್ ಅಳುವಿನ ನಡುವೆ ಜನರಿಗೆ ಸ್ಪಷ್ಟವಾಗಲಿಲ್ಲ. ಸಲಾಮ್ ಹೇಳಿದ ಮೇಲೆ ಅವರು ತಮ್ಮನ್ನೇ ಶಪಿಸಿಕೊಂಡರು; ಮುಸ್ಲಿಮರ ಎಷ್ಟು ಮಕ್ಕಳ ಸಾವಿಗೆ ತಾನು ಕಾರಣನಾದೆನೋ ಎಂದು ಮರುಗಿದರು.

ನಮ್ಮ ಮಿಂಬರುಗಳಲ್ಲಿ ಈ ಪ್ರಸಂಗ ಸಾಮಾನ್ಯವಾಗಿ ಇಲ್ಲಿಗೇ ನಿಂತುಬಿಡುತ್ತದೆ. ಖಲೀಫರ ಕಣ್ಣೀರನ್ನು ವರ್ಣಿಸಿ, ಕೇಳುಗರ ಕಣ್ಣಲ್ಲೂ ನೀರು ತರಿಸಿ, ಖತೀಬರು ಮುಂದಿನ ವಿಷಯಕ್ಕೆ ಸಾಗುತ್ತಾರೆ. ನಮ್ಮ ಅಭಿಪ್ರಾಯದಲ್ಲಿ ಪ್ರಸಂಗದ ತಿರುಳು ಕಣ್ಣೀರಿನ ನಂತರದ್ದು. ಉಮರ್(ರ) ಆ ತಾಯಿಗೆ ಒಂದಿಷ್ಟು ದಿರ್ಹಮ್ ಕೊಟ್ಟು ಕಳುಹಿಸಿ ಸುಮ್ಮನಾಗಲಿಲ್ಲ. ಹಾಲು ಬಿಡಿಸಲು ಯಾರೂ ಆತುರಪಡಬಾರದೆಂದೂ, ಇನ್ನು ಮುಂದೆ ಹುಟ್ಟಿದ ಪ್ರತಿ ಮಗುವಿಗೂ ವೇತನ ಸಲ್ಲುವುದೆಂದೂ ಸಾರಿಸಿದರು. ಪ್ರಾಂತ್ಯಗಳಿಗೂ ಹಾಗೆಯೇ ಬರೆದರು. ಮಗುವಿನ ಹೊಟ್ಟೆ ತುಂಬಿಸಲೆಂದು ಮಾಡಿದ ನಿಯಮವೇ ಅದರ ಬಾಯಿಂದ ಹಾಲು ಕಸಿದಿತ್ತು. ದೋಷ ತಾಯಿಯಲ್ಲಿರಲಿಲ್ಲ, ಷರತ್ತಿನಲ್ಲಿತ್ತು. ಆದ್ದರಿಂದ ಷರತ್ತನ್ನು ತೆಗೆಯಲಾಯಿತು.

ನವಜಾತ ಶಿಶುವಿಗೆ ಗೊತ್ತಾದ ಮೊತ್ತ ವರ್ಷಕ್ಕೆ 100 ದಿರ್ಹಮ್. ಬೆಳೆದಂತೆ ಅದು 200ಕ್ಕೆ ಏರುತ್ತಿತ್ತು. ಹೆತ್ತವರು ಯಾರೆಂದು ತಿಳಿಯದ, ದಾರಿಯಲ್ಲಿ ಸಿಕ್ಕ ಶಿಶುವಿಗೂ 100 ದಿರ್ಹಮ್ ಇತ್ತು. ಅದಕ್ಕೆ ಹಾಲೂಡಿಸುವವಳ ವೆಚ್ಚವನ್ನು ಬೈತುಲ್ ಮಾಲ್ ಭರಿಸುತ್ತಿತ್ತು. ಹಝ್ರತ್ ಉಸ್ಮಾನ್(ರ)ರ ಕಾಲದಲ್ಲಿ, ಮಗು ಹುಟ್ಟಿದ ಸುದ್ದಿ ತಿಳಿದೊಡನೆ 50 ದಿರ್ಹಮ್ ಮತ್ತು ಒಂದು ತುಂಡು ಬಟ್ಟೆ ಕಳುಹಿಸಿ, ವರ್ಷ ತುಂಬಿದಾಗ ಅದನ್ನು 100ಕ್ಕೆ ಏರಿಸಿದ ವರದಿಯಿದೆ. ಅಷ್ಟೇ ಗಮನಾರ್ಹವಾದ ಮತ್ತೊಂದು ಸಂಗತಿಯನ್ನು ಬಲಾಝುರಿ ಉಲ್ಲೇಖಿಸುತ್ತಾರೆ: ಮುಆವಿಯಾ(ರ)ರ ಆಡಳಿತದಲ್ಲಿ ವೇತನವು ಮತ್ತೆ ಹಾಲು ಬಿಟ್ಟ ಮಕ್ಕಳಿಗೆ ಸೀಮಿತವಾಯಿತು, ಅಬ್ದುಲ್ ಮಲಿಕ್ ಇಬ್ನು ಮರ್ವಾನ್ ತಾನು ಇಚ್ಛಿಸಿದವರಿಗೆ ಮಾತ್ರ ಉಳಿಸಿ ಮಿಕ್ಕವರದನ್ನು ನಿಲ್ಲಿಸಿದ. ಒಮ್ಮೆ ದೊರೆತ ಹಕ್ಕು ಕಾವಲಿಲ್ಲದೆ ಉಳಿಯುವುದಿಲ್ಲವೆಂಬುದಕ್ಕೆ ಅರ್ಧ ಶತಮಾನದೊಳಗೇ ಸಾಕ್ಷಿ ಒದಗಿತು.

ಮಗುವನ್ನು ಇತರರ ಆರೈಕೆಗೆ ಒಪ್ಪಿಸುವುದೇ ಪಾಶ್ಚಾತ್ಯ ಪದ್ಧತಿ, ನಮ್ಮ ಸಂಸ್ಕೃತಿಗೆ ಹೊರಗಿನದು ಎನ್ನುವವರು ನಮ್ಮಲ್ಲಿದ್ದಾರೆ. ಪ್ರವಾದಿವರ್ಯರು(ಸ) ಸ್ವತಃ ಬನೂ ಸಅದ್ ಕುಲದ ಹಲೀಮಾ ಅವರ ಮಡಿಲಲ್ಲಿ ಬೆಳೆದವರೆಂಬುದನ್ನು ಅವರು ಮರೆತಿರುತ್ತಾರೆ. ಸೂರಃ ಅಲ್ ಬಕರಃದ 233ನೆಯ ಸೂಕ್ತವು ಎರಡು ಪೂರ್ಣ ವರ್ಷಗಳ ಸ್ತನ್ಯಪಾನವನ್ನು ಪ್ರಸ್ತಾಪಿಸುವಲ್ಲಿಯೇ, ತಾಯಿಯ ಅನ್ನವಸ್ತ್ರದ ಹೊಣೆಯನ್ನು ತಂದೆಯ ಮೇಲಿರಿಸಿ, ಅವನಿಲ್ಲದಿದ್ದರೆ ವಾರಸುದಾರರ ಮೇಲಿರಿಸುತ್ತದೆ. ಬೇರೊಬ್ಬಳಿಂದ ಹಾಲೂಡಿಸುವುದಾದರೆ ಆಕೆಯ ಪ್ರತಿಫಲವನ್ನು ಸಲ್ಲಿಸಬೇಕೆಂದು ವಿಧಿಸುತ್ತದೆ. ಹನಫೀ ಫಿಕ್‌ಹ್ ಗ್ರಂಥಗಳು ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ಹಾಲೂಡಿಸುವ ಕೂಲಿ, ಪಾಲನೆಯ ಕೂಲಿ ಮತ್ತು ಮಗುವಿನ ಜೀವನಾಂಶ ಎಂಬ ಮೂರನ್ನು ಬೇರೆ ಬೇರೆಯಾಗಿ ಗಣಿಸುತ್ತವೆ. ಮಗುವನ್ನು ನೋಡಿಕೊಳ್ಳುವುದು ಕೆಲಸ, ಅದಕ್ಕೆ ಬೆಲೆಯಿದೆ ಎಂಬ ಮಾತನ್ನು ನಮ್ಮ ಫುಕಹಾಗಳು ಯಾವ ಕಾರ್ಮಿಕ ಸಂಘಟನೆಗಿಂತಲೂ ಮೊದಲೇ ಬರೆದಿಟ್ಟಿದ್ದರು.

ಈ ಚರಿತ್ರೆಯನ್ನು ಈಗ ಎತ್ತಿಕೊಳ್ಳಲು ನಮ್ಮ ಜಿಲ್ಲೆಯೇ ಕಾರಣ. ಶಿಡ್ಲಘಟ್ಟದ ರೇಷ್ಮೆಗೂಡು ಮಾರುಕಟ್ಟೆ ಏಷ್ಯಾದ ದೊಡ್ಡ ಮಾರುಕಟ್ಟೆಗಳಲ್ಲೊಂದು. ಟಿಪ್ಪು ಸುಲ್ತಾನರು ಬಂಗಾಳದಿಂದ ಹುಳುಗಳನ್ನು ತರಿಸಿ ಮೈಸೂರು ಸೀಮೆಯಲ್ಲಿ ನೆಲೆಗೊಳಿಸಿದ ಈ ಕಸುಬು ಇಂದು ಇಲ್ಲಿನ ಅಸಂಖ್ಯ ಮುಸ್ಲಿಮ್ ಮನೆಗಳ ಒಲೆ ಉರಿಸುತ್ತಿದೆ. ನೂಲು ಬಿಚ್ಚಾಣಿಕೆ ಹೆಚ್ಚಾಗಿ ಮನೆಗೆ ಅಂಟಿಕೊಂಡ ಸಣ್ಣ ಘಟಕಗಳಲ್ಲಿ ನಡೆಯುತ್ತದೆ. ಕುದಿಯುವ ನೀರಿನ ಬಾಣಲೆ, ಆವಿ, ಬೆಂದ ಹುಳುಗಳ ವಾಸನೆ, ತಿರುಗುವ ಚರಕ; ಅದರ ಮುಂದೆ ನೀರಿನಲ್ಲಿ ಬೆರಳು ಬಿಳಿಚಿಕೊಂಡ ಹೆಂಗಸರು. ಕೂಸನ್ನು ಎಲ್ಲಿಡಬೇಕು? ಬಾಣಲೆಯ ಪಕ್ಕದಲ್ಲಿ ಇಡುವಂತಿಲ್ಲ. ಆದ್ದರಿಂದ ಎಂಟು ಹತ್ತು ವರ್ಷದ ಅಕ್ಕ ಶಾಲೆ ಬಿಡುತ್ತಾಳೆ. 1986ರ ಬಾಲಕಾರ್ಮಿಕ ಕಾಯ್ದೆಯಾಗಲಿ, 1996ರ ಸುಪ್ರೀಂ ಕೋರ್ಟ್ ತೀರ್ಪಾಗಲಿ, 2009ರ ಶಿಕ್ಷಣ ಹಕ್ಕು ಕಾಯ್ದೆಯಾಗಲಿ ಈ ಹುಡುಗಿಯನ್ನು ಕಾರ್ಮಿಕಳೆಂದು ಹಿಡಿಯಲಾರವು. ಆಕೆ ಚರಕ ತಿರುಗಿಸುವುದಿಲ್ಲ, ತಮ್ಮನನ್ನು ಎತ್ತಿಕೊಂಡಿರುತ್ತಾಳಷ್ಟೆ. ಮದ್ರಸಾದ ಹಾಜರಿ ಪುಸ್ತಕದಲ್ಲಿ ಅಂಥ ಹೆಸರುಗಳ ಮುಂದೆ ಬೀಳುವ ಗೈರುಹಾಜರಿಯ ಗುರುತು ನಮಗೆ ಚಿರಪರಿಚಿತ.

ಸರಕಾರ ಏನೂ ಮಾಡಿಲ್ಲವೇ? ಮಾಡಿದೆ, ಷರತ್ತುಗಳೊಂದಿಗೆ ಮಾಡಿದೆ. 1948ರ ಕಾರ್ಖಾನೆ ಕಾಯ್ದೆಯು ಮಹಿಳಾ ಕಾರ್ಮಿಕರು 50ಕ್ಕಿಂತ ಹೆಚ್ಚಿರುವಲ್ಲಿ ಆರು ವರ್ಷದೊಳಗಿನ ಮಕ್ಕಳಿಗೆ ಶಿಶುಪಾಲನಾ ಕೊಠಡಿ ಇರಬೇಕೆಂದಿತು. 1976ರ ತಿದ್ದುಪಡಿ ಆ ಸಂಖ್ಯೆಯನ್ನು 30ಕ್ಕೆ ಇಳಿಸಿತು. 2017ರ ಹೆರಿಗೆ ಸೌಲಭ್ಯ ತಿದ್ದುಪಡಿ ಕಾಯ್ದೆ 50 ಉದ್ಯೋಗಿಗಳಿರುವ ಸಂಸ್ಥೆಗಳಿಗೆ ಇದನ್ನು ಕಡ್ಡಾಯಗೊಳಿಸಿ, ತಾಯಿಗೆ ದಿನಕ್ಕೆ ನಾಲ್ಕು ಬಾರಿ ಮಗುವನ್ನು ನೋಡಿಬರುವ ಹಕ್ಕು ಕೊಟ್ಟಿತು. ಗೌರಿಬಿದನೂರಿನ ದೊಡ್ಡ ಗಾರ್ಮೆಂಟ್ಸ್ ಕಾರ್ಖಾನೆಯಲ್ಲಿ ದುಡಿಯುವ ಸಹೋದರಿ ಇದನ್ನು ಕೇಳಿ ಪಡೆಯಬಹುದು, ಪಡೆಯಲೇಬೇಕು. ನಾಲ್ಕು ಚರಕಗಳ ಶಿಡ್ಲಘಟ್ಟದ ಮನೆಯಲ್ಲಿ ಎಣಿಕೆ 50ಕ್ಕೂ ಬರುವುದಿಲ್ಲ, 30ಕ್ಕೂ ಬರುವುದಿಲ್ಲ.

ಸಮಗ್ರ ಶಿಶು ಅಭಿವೃದ್ಧಿ ಯೋಜನೆ 1975ರ ಅಕ್ಟೋಬರ್ 2ರಂದು ದೇಶದ 33 ಕಡೆ ಆರಂಭವಾಯಿತು. ಕರ್ನಾಟಕದಲ್ಲಿ ಮೊದಲು ಬಂದದ್ದು ಮೈಸೂರು ಜಿಲ್ಲೆಯ ತಿರುಮಕೂಡಲು ನರಸೀಪುರಕ್ಕೆ. ಅಂಗನವಾಡಿಯಿಂದ ನಮ್ಮ ಮಕ್ಕಳು ಪಡೆದುದು ಕಡಿಮೆಯಲ್ಲ: ಚುಚ್ಚುಮದ್ದು, ಊಟ, 2013ರಿಂದ ಕ್ಷೀರಭಾಗ್ಯದ ಹಾಲು, 2017ರಿಂದ ಮಾತೃಪೂರ್ಣದಡಿ ಗರ್ಭಿಣಿ ಬಾಣಂತಿಯರಿಗೆ ಬಿಸಿಯೂಟ. ಆದರೆ ಅಲ್ಲಿ ಕುಳಿತು ಕಲಿಯುವುದು ಮೂರು ತುಂಬಿದ ಮಕ್ಕಳು. ಮೂರರೊಳಗಿನ ಕೂಸಿಗೆ ಪೌಷ್ಟಿಕ ಆಹಾರದ ಪೊಟ್ಟಣ ಮನೆಗೆ ಬರುತ್ತದೆ, ನೋಡಿಕೊಳ್ಳುವ ಕೈ ಬರುವುದಿಲ್ಲ.

ಆ ಕೈಗಾಗಿಯೇ ಬೇರೊಂದು ಯೋಜನೆಯಿತ್ತು. 2006ರಲ್ಲಿ ರಾಜೀವ್ ಗಾಂಧಿ ಹೆಸರಿನಲ್ಲಿ ಬಂದ ಶಿಶುಪಾಲನಾ ಕೇಂದ್ರಗಳ ಯೋಜನೆ 2017ರ ಜನವರಿಯಿಂದ ರಾಷ್ಟ್ರೀಯ ಶಿಶುಪಾಲನಾ ಯೋಜನೆಯಾಯಿತು. ಆರು ತಿಂಗಳಿನಿಂದ ಆರು ವರ್ಷದವರೆಗಿನ 25 ಮಕ್ಕಳಿಗೆ ಒಂದು ಕೇಂದ್ರ. ಬಡತನ ರೇಖೆಯ ಕೆಳಗಿನ ಕುಟುಂಬಕ್ಕೆ ತಿಂಗಳ ಶುಲ್ಕ 20 ರೂಪಾಯಿ, 12,000 ರೂಪಾಯಿಯವರೆಗೆ ಮಾಸಿಕ ಆದಾಯವಿದ್ದವರಿಗೆ 100, ಅದಕ್ಕಿಂತ ಮೇಲ್ಪಟ್ಟವರಿಗೆ 200. ಉಳಿದುದು ಸರಕಾರದ ಸಹಾಯಧನ. ದುಡಿಯುವ ತಾಯಿಗೆ ಇದಕ್ಕಿಂತ ನೇರವಾದ ನೆರವು ಇಲ್ಲ. ಅದೇ ವರ್ಷ ಕೇಂದ್ರ ಸರಕಾರದ ಪಾಲು ನೂರಕ್ಕೆ 90ರಿಂದ 60ಕ್ಕೆ ಇಳಿಯಿತು. ಮುಆವಿಯಾ(ರ)ರ ದಫ್ತರಿನಲ್ಲಿ ನಡೆದುದಕ್ಕೂ ಇದಕ್ಕೂ ಹೋಲಿಕೆಯನ್ನು ಓದುಗರೇ ಕಂಡುಕೊಳ್ಳಲಿ. 2022ರಿಂದ ಅದು ಪಾಲನಾ ಎಂಬ ಹೆಸರಿನಲ್ಲಿ ಮಿಷನ್ ಶಕ್ತಿಯ ಅಂಗವಾಗಿದ್ದು, ಅಂಗನವಾಡಿಯೊಂದಿಗೇ ಶಿಶುಪಾಲನಾ ಕೇಂದ್ರ ತೆರೆಯುವುದು ಅದರ ಕ್ರಮ.

ಕರ್ನಾಟಕ ಸರಕಾರವು 2023-24ರ ಬಜೆಟ್ಟಿನಲ್ಲಿ 4,000 ಗ್ರಾಮ ಪಂಚಾಯಿತಿಗಳಲ್ಲಿ ಕೂಸಿನ ಮನೆ ತೆರೆಯುವುದಾಗಿ ಘೋಷಿಸಿತು. ಉದ್ಯೋಗ ಖಾತರಿಯ ಕೂಲಿಗೆ ಹೋಗುವ ತಾಯಂದಿರ ಮೂರು ವರ್ಷದೊಳಗಿನ ಮಕ್ಕಳನ್ನು, ಅದೇ ಕೂಲಿಕಾರರ ನಡುವಿನಿಂದ ಆರಿಸಿ ತರಬೇತಿ ಕೊಟ್ಟ ಮಹಿಳೆಯರು ನೋಡಿಕೊಳ್ಳುವ ಈ ಏರ್ಪಾಡು ನಿಜಕ್ಕೂ ಮೆಚ್ಚತಕ್ಕದ್ದು. ಚಿಂತಾಮಣಿಯ ಹಳ್ಳಿಗಳ ಕೂಲಿಕಾರ ತಾಯಂದಿರು ತಮ್ಮ ಪಂಚಾಯಿತಿಯಲ್ಲಿ ಇದನ್ನು ವಿಚಾರಿಸಬೇಕು. ಆದರೆ ನಗರಸಭೆಯ ಗಡಿ ದಾಟಿದೊಡನೆ ಕೂಸಿನ ಮನೆ ಇಲ್ಲ. ಕಟ್ಟಡ ಕಾರ್ಮಿಕರ ಕಲ್ಯಾಣ ಮಂಡಳಿಯು ನೋಂದಾಯಿತ ಮಹಿಳಾ ಕಾರ್ಮಿಕರಿಗೆ ಮಗುವಿಗೆ ಮೂರು ತುಂಬುವವರೆಗೆ ವರ್ಷಕ್ಕೆ 6,000 ರೂಪಾಯಿಯನ್ನು ತಾಯಿ ಮಗು ಸಹಾಯ ಹಸ್ತದ ಹೆಸರಿನಲ್ಲಿ ಕೊಡುತ್ತದೆ. ಚಿಕ್ಕಬಳ್ಳಾಪುರದಲ್ಲಿ ಗಾರೆ ಹೊರುವ ತಾಯಿಗೆ ಅದು ಸಿಗುತ್ತದೆ. ನೂಲು ಬಿಚ್ಚುವ ತಾಯಿ ಕಟ್ಟಡ ಕಾರ್ಮಿಕಳಲ್ಲ.

ಇನ್ನೊಂದು ಷರತ್ತು ಇವೆಲ್ಲಕ್ಕಿಂತ ನೇರವಾಗಿ ನಮಗೆ ಆ ಮದೀನಾದ ರಾತ್ರಿಯನ್ನು ನೆನಪಿಸುತ್ತದೆ. 2013ರ ಆಹಾರ ಭದ್ರತಾ ಕಾಯ್ದೆಯು, ಸರಕಾರಿ ನೌಕರಿ ಮುಂತಾದೆಡೆ ಅಂಥದೇ ಸೌಲಭ್ಯ ಪಡೆಯುವವರನ್ನು ಬಿಟ್ಟು, ಪ್ರತಿಯೊಬ್ಬ ಗರ್ಭಿಣಿ ಬಾಣಂತಿಗೂ ಕನಿಷ್ಠ 6,000 ರೂಪಾಯಿಯ ಹೆರಿಗೆ ನೆರವನ್ನು ಹಕ್ಕೆಂದು ಬರೆಯಿತು. ದುಡಿಯುವ ತಾಯಿ ಕೂಲಿ ಕಳೆದುಕೊಂಡ ದಿನಗಳಲ್ಲಿ ಮಗುವಿನ ಜೊತೆಗಿರಲು ಸಾಧ್ಯವಾಗಲೆಂಬುದೇ ಅದರ ಉದ್ದೇಶ. 2017ರಲ್ಲಿ ಮಾತೃವಂದನಾ ಯೋಜನೆಯಾಗಿ ಜಾರಿಗೆ ಬಂದಾಗ ಅದು 5,000 ರೂಪಾಯಿಯಾಯಿತು, ಅದೂ ಮೊದಲ ಮಗುವಿಗೆ ಮಾತ್ರ. ಬಳಿಕ ಎರಡನೆಯದು ಹೆಣ್ಣಾದರೆ 6,000 ಎಂಬ ಸೇರ್ಪಡೆಯಾಯಿತು. ಎರಡನೆಯದು ಗಂಡಾದರೆ, ಮೂರನೆಯದು ಯಾವುದೇ ಆದರೆ, ತಾಯಿ ಬೇಗನೆ ಚರಕದ ಮುಂದೆ ಹೋಗಿ ಕೂರಬೇಕು. ಕೂಸು ಬೇಗನೆ ಹಾಲು ಬಿಡಬೇಕು.

ಷರತ್ತುಗಳನ್ನು ತೆಗೆಯುವ ಅಧಿಕಾರ ನಮಗಿಲ್ಲ. ಆದರೆ ಆ ತಾಯಿ ಉತ್ತರಿಸದೇ ಹೋಗಿದ್ದರೆ ಅಮೀರುಲ್ ಮೂಮಿನೀನರಿಗೂ ವಿಷಯ ತಿಳಿಯುತ್ತಿರಲಿಲ್ಲ. ನಮ್ಮ ಜಮಾಅತ್‌ಗಳು ಹೇಳಬಹುದಾದದ್ದು ಸಾಕಷ್ಟಿದೆ. 2006ರ ಡಿಸೆಂಬರ್ 13ರಂದು ಸುಪ್ರೀಂ ಕೋರ್ಟ್, ಆರು ವರ್ಷದೊಳಗಿನ 40 ಮಕ್ಕಳಿದ್ದೂ ಅಂಗನವಾಡಿಯಿಲ್ಲದ ಹಳ್ಳಿ ಅಥವಾ ಕೊಳೆಗೇರಿಯ ಜನ ಬೇಡಿಕೆ ಸಲ್ಲಿಸಿದರೆ ಮೂರು ತಿಂಗಳೊಳಗೆ ಅಂಗನವಾಡಿ ಒದಗಿಸಬೇಕೆಂದು ಆದೇಶಿಸಿತು. ನಮ್ಮ ಮೊಹಲ್ಲಾಗಳಲ್ಲಿ 40 ಮಕ್ಕಳನ್ನು ಎಣಿಸಲು ಎರಡು ಗಲ್ಲಿ ಸಾಕು. ಎಣಿಸಿದವರು ಯಾರು?

ಝಕಾತ್ ಹಣದಿಂದಲೇ ಶಿಶುಪಾಲನಾ ಕೇಂದ್ರ ನಡೆಸಬಾರದೇ ಎಂದು ಯುವಕರು ಕೇಳುತ್ತಾರೆ. ಹನಫೀ ಮಸ್‌ಲಕ್‌ನಲ್ಲಿ ಝಕಾತ್ ಅರ್ಹ ವ್ಯಕ್ತಿಯ ಒಡೆತನಕ್ಕೆ ಸೇರಬೇಕು. ಕಟ್ಟಡದ ಬಾಡಿಗೆಗೋ ಆಯಾಗಳ ಸಂಬಳಕ್ಕೋ ನೇರವಾಗಿ ಸಲ್ಲುವುದಿಲ್ಲ. ಬಡ ತಾಯಿಯ ಕೈಗೆ ಝಕಾತ್ ಕೊಟ್ಟು, ಆಕೆ ಅದರಿಂದ ಶುಲ್ಕ ತೆರುವುದಕ್ಕೆ ಅಡ್ಡಿಯಿಲ್ಲ. ಬಾಡಿಗೆ ಸಂಬಳಗಳಿಗೆ ಲಿಲ್ಲಾಹ್ ಹಣ ಇದೆ. ದಾನಿಗಳ ಷರತ್ತು ಅನುಮತಿಸುವಲ್ಲಿ ವಕ್ಫ್ ಅಂಗಡಿಗಳ ವರಮಾನವೂ ಇದೆ. ಬೆಳಗಿನ ಪಾಠ ಮುಗಿದ ಮೇಲೆ ಅಸ್ರ್‌ವರೆಗೆ ಬೀಗ ಬೀಳುವ ಮದ್ರಸಾ ಕೊಠಡಿಗಳು ಹೇಗೂ ಇವೆ.

ಅಂಗನವಾಡಿಯ ಬೇಡಿಕೆ ಪತ್ರ ಸಲ್ಲಬೇಕಾದದ್ದು ತಾಲ್ಲೂಕಿನ ಶಿಶು ಅಭಿವೃದ್ಧಿ ಯೋಜನಾಧಿಕಾರಿಗಳಿಗೆ. ಗಲ್ಲಿಯ ಹೆಸರು, ಆರು ವರ್ಷದೊಳಗಿನ ಪ್ರತಿ ಮಗುವಿನ ಹೆಸರು ಮತ್ತು ಜನನ ದಿನಾಂಕ, ತಾಯಿಯ ಕೆಲಸ, ಈಗಿರುವ ಅಂಗನವಾಡಿಗೆ ಇರುವ ದೂರ, ಇವಿಷ್ಟನ್ನು ಪಟ್ಟಿ ಮಾಡಿ, ತಾಯಂದಿರ ಸಹಿಯೊಂದಿಗೆ ಕೊಟ್ಟು, ಸ್ವೀಕೃತಿಯ ಮೊಹರು ಹಾಕಿಸಿಕೊಳ್ಳಬೇಕು. ಮೂರು ತಿಂಗಳ ಲೆಕ್ಕ ಆ ದಿನದಿಂದ ಆರಂಭವಾಗುತ್ತದೆ.