ಗಾಜಿನ ಅರಮನೆಗೊಂದು ಪರೀಕ್ಷೆ

1850ರಲ್ಲಿ ಲಂಡನ್ ಪೇಚಿಗೆ ಸಿಲುಕಿತ್ತು. ಮರುವರ್ಷ ಮೇ 1ರಂದು ಜಗತ್ತಿನ ಮೊದಲ ಮಹಾ ವಸ್ತುಪ್ರದರ್ಶನ. ಆದರೆ ಕಟ್ಟಡವೇ ಇಲ್ಲ! ಸ್ಪರ್ಧೆಗೆ ಬಂದ 245 ನಕ್ಷೆಗಳಲ್ಲಿ ಒಂದೂ ಒಪ್ಪಿಗೆಯಾಗಲಿಲ್ಲ.

ಕೊನೆಗೆ ದಾರಿ ತೋರಿದವನು ಜೋಸೆಫ್ ಪ್ಯಾಕ್ಸ್‌ಟನ್ ಎಂಬ ತೋಟಗಾರ. ಗಿಡಗಳಿಗೆ ಗಾಜಿನ ಮನೆ ಕಟ್ಟಿ ಪಳಗಿದ್ದ ಆತ, ಕಬ್ಬಿಣ, ಮರ, ಗಾಜಿನ ಬಿಡಿಭಾಗಗಳನ್ನು ನಿಗದಿತ ಅಳತೆಯಲ್ಲಿ ತಯಾರಿಸಿ ಹೈಡ್ ಪಾರ್ಕಿನಲ್ಲಿ ಜೋಡಿಸುವ ಉಪಾಯ ಸೂಚಿಸಿದ.

ಜನರ ತುಳಿತಕ್ಕೆ ಉಪ್ಪರಿಗೆ ಕುಸಿದೀತೆಂದು ಹಲವರು ಹೆದರಿಸಿದರು. ಎಂಜಿನಿಯರುಗಳು ವಾದಕ್ಕೆ ಇಳಿಯಲಿಲ್ಲ. ಉಪ್ಪರಿಗೆಯ ಮಾದರಿಯ ಮೇಲೆ ಸೈನಿಕರಿಂದ ಕವಾಯತು ಮಾಡಿಸಿದರು. ಅದು ಕುಸಿಯಲಿಲ್ಲ. ಹೇಳಿದ ದಿನಕ್ಕೇ ಬಾಗಿಲು ತೆರೆಯಿತು.

ಮುಂದೆ ಸಿಡೆನ್‌ಹ್ಯಾಮಿಗೆ ಸ್ಥಳಾಂತರಗೊಂಡ ಆ ಅರಮನೆ 1936ರಲ್ಲಿ ಬೆಂಕಿಗೆ ಆಹುತಿಯಾಯಿತು. ಅದರಿಂದ ಸ್ಫೂರ್ತಿ ಪಡೆದ ಗಾಜಿನ ಮನೆ ನಮ್ಮ ಲಾಲ್‌ಬಾಗಿನಲ್ಲಿದೆ. ಅಲ್ಲಿಗೆ ಹೋದಾಗ ಹೂವಿನ ಜೊತೆಗೆ ಸೂರನ್ನೂ ಒಮ್ಮೆ ತಲೆಯೆತ್ತಿ ನೋಡಿ.