ನಾಲ್ವರು ವಿದ್ಯಾರ್ಥಿಗಳ ಮೇಳ

ಸಂಗೀತದ ಇತಿಹಾಸವೆಂದರೆ ಆಸ್ಥಾನ ವಿದ್ವಾಂಸರ ಹಾಗೂ ಘರಾಣೆಗಳ ಇತಿಹಾಸವೆಂದು ಭಾವಿಸುವ ರೂಢಿ ನಮ್ಮಲ್ಲುಂಟು. ಆದರೆ ವಿಶ್ವವಿದ್ಯಾನಿಲಯದ ಹುಡುಗರು ಕೂಡಿ ಕಟ್ಟಿದ ಮೇಳವೊಂದು 31 ವರ್ಷ ಬಾಳಿ, ಜಗತ್ತಿನ ಕಿವಿಯನ್ನು ತನ್ನೆಡೆಗೆ ಸೆಳೆದುದೂ ಇತಿಹಾಸವೇ. ಅಮೆರಿಕೆಯ 'ಆರ್.ಇ.ಎಂ.' ಎಂಬ ರಾಕ್ ಮೇಳದ ಕಥೆ ಅಂಥದು.

ಜಾರ್ಜಿಯಾ ಸಂಸ್ಥಾನದಲ್ಲಿ ಅಥೆನ್ಸ್ ಎಂಬ ಚಿಕ್ಕ ಊರಿದೆ. 1785ರಲ್ಲಿ ಸನ್ನದು ಪಡೆದ ವಿಶ್ವವಿದ್ಯಾನಿಲಯವೇ ಆ ಊರಿನ ಜೀವಾಳ. ಚಿತ್ರಕಲೆ ಕಲಿಯಲು ಬಂದ ಮೈಕೇಲ್ ಸ್ಟೈಪ್ ಅವರಿಗೆ ಗ್ರಾಮಫೋನ್ ತಟ್ಟೆಗಳ ಅಂಗಡಿಯಲ್ಲಿ ಕೆಲಸಕ್ಕಿದ್ದ ಪೀಟರ್ ಬಕ್ ಅವರ ಪರಿಚಯವಾಯಿತು. ಮೇಕನ್ ಎಂಬ ಊರಿನಲ್ಲಿ ಶಾಲೆಯಿಂದಲೇ ಜೊತೆಗಾರರಾಗಿದ್ದ ಬಿಲ್ ಬೆರಿ ಮತ್ತು ಮೈಕ್ ಮಿಲ್ಸ್ ಬಂದು ಸೇರಿದರು. ಈ ನಾಲ್ವರಲ್ಲಿ ಅಥೆನ್ಸಿನಲ್ಲಿ ಹುಟ್ಟಿದವರು ಒಬ್ಬರೂ ಇಲ್ಲ. ಸ್ಟೈಪ್ ಸೈನಿಕನ ಮಗ. ಊರಿಂದೂರಿಗೆ ಬಿಡಾರ ಬದಲಿಸುತ್ತ ಬೆಳೆದವರು.

1980ರ ಏಪ್ರಿಲ್ 5ರಂದು, ಪೂಜೆ ನಿಂತುಹೋಗಿದ್ದ ಹಳೆಯ ಇಗರ್ಜಿಯೊಂದರಲ್ಲಿ, ಗೆಳತಿಯೊಬ್ಬಳ ಹುಟ್ಟುಹಬ್ಬಕ್ಕಾಗಿ ಅವರು ಮೊದಲ ಬಾರಿಗೆ ಹಾಡಿದರು. ಆ ಕಟ್ಟಡ ಈಗಿಲ್ಲ. ಅದರ ಗೋಪುರ ಮಾತ್ರ ಉಳಿದಿದೆ. 1981ರಲ್ಲಿ ಕಾನೂನು ವಿದ್ಯಾರ್ಥಿಯೊಬ್ಬ ನಡೆಸುತ್ತಿದ್ದ ಪುಟ್ಟ ಸಂಸ್ಥೆಯಿಂದ ಮೊದಲ ಧ್ವನಿಮುದ್ರಿಕೆ ಹೊರಬಂದಿತು. ದೊಡ್ಡ ಬಾನುಲಿ ಕೇಂದ್ರಗಳು ಇಂಥ ಹೊಸಬರನ್ನು ಕೇಳುವವಲ್ಲ. ವಿದ್ಯಾರ್ಥಿಗಳೇ ನಡೆಸುವ ಕಾಲೇಜು ಬಾನುಲಿಗಳು ಅವರ ಕೈಹಿಡಿದವು. ಹಳೆಯ ವ್ಯಾನಿನಲ್ಲಿ ವಾದ್ಯಗಳನ್ನು ಹೇರಿಕೊಂಡು ಅವರು ಊರೂರು ತಿರುಗಿದರು. 1983ರ 'ಮರ್ಮರ್' ಸಂಪುಟವನ್ನು 'ರೋಲಿಂಗ್ ಸ್ಟೋನ್' ಪತ್ರಿಕೆ ಆ ವರ್ಷದ ಶ್ರೇಷ್ಠ ಕೃತಿಯೆಂದು ಆರಿಸಿತು. 1988ರಲ್ಲಿ ಮೇಳವು ವಾರ್ನರ್ ಎಂಬ ದೊಡ್ಡ ಸಂಸ್ಥೆಯನ್ನು ಸೇರಿತು.

ಕೀರ್ತಿ ಬಂದರೂ ಅವರು ಅಥೆನ್ಸನ್ನು ಮರೆಯಲಿಲ್ಲ. 'ಮರ್ಮರ್' ಹೊದಿಕೆಯ ಹಿಂಬದಿಯಲ್ಲಿ ಆ ಊರಿನ ರೈಲು ಸೇತುವೆಯ ಚಿತ್ರವಿದೆ. 1992ರ ಸಂಪುಟಕ್ಕೆ ಅಲ್ಲಿನ ಊಟದ ಅಂಗಡಿಯೊಂದರ ಘೋಷವಾಕ್ಯವನ್ನೇ ಹೆಸರಾಗಿಟ್ಟರು. 1991ರಲ್ಲಿ ಜಗತ್ತೆಲ್ಲ ಕೇಳಿದ 'ಲೂಸಿಂಗ್ ಮೈ ರಿಲಿಜನ್' ಗೀತೆಯ ಹೆಸರನ್ನು ಕೇಳಿದವರು ಅದು ಧರ್ಮದ ವಿಚಾರವೆಂದು ತಿಳಿದಾರು. ವಾಸ್ತವದಲ್ಲಿ ಅದು ಅಮೆರಿಕೆಯ ದಕ್ಷಿಣ ಸಂಸ್ಥಾನಗಳ ಆಡುಮಾತು. ತಾಳ್ಮೆಗೆಡುವುದು ಎಂದು ಅದರ ಅರ್ಥ. ಸ್ಥಳೀಯ ನುಡಿಗಟ್ಟೊಂದು ಹೀಗೆ ಲೋಕಸಂಚಾರ ಮಾಡಿತು.

ಇಷ್ಟು ಕಾಲ ಒಗ್ಗಟ್ಟು ಉಳಿದುದು ಹೇಗೆ? ರಾಗ ಯಾರದೇ ಇರಲಿ, ಸಾಹಿತ್ಯ ಯಾರದೇ ಇರಲಿ, ಹಾಡಿಗೆ ನಾಲ್ವರ ಹೆಸರೂ ಇರುತ್ತಿತ್ತು, ಆದಾಯ ಸಮಪಾಲು. ಒಬ್ಬರು ಬೇಡವೆಂದರೂ ಆ ಕೆಲಸ ಅಲ್ಲಿಗೇ ನಿಲ್ಲುತ್ತಿತ್ತು. 1995ರಲ್ಲಿ ಸ್ವಿಟ್ಜರ್ಲೆಂಡಿನ ವೇದಿಕೆಯ ಮೇಲೆಯೇ ಬೆರಿ ಅವರ ಮಿದುಳಿನ ರಕ್ತನಾಳಕ್ಕೆ ಅಪಾಯವೊದಗಿತು. ಗುಣಹೊಂದಿ ಮರಳಿದರೂ 1997ರಲ್ಲಿ ಅವರು ನಿವೃತ್ತಿ ಬಯಸಿದರು. ತಾನು ಹೋದರೆ ಮೇಳ ಒಡೆಯುವುದಾದರೆ ಹೋಗುವುದಿಲ್ಲವೆಂದು ಅವರು ಹೇಳಿದರು. ಉಳಿದ ಮೂವರು ಮುಂದುವರಿಯಲೊಪ್ಪಿದ ಮೇಲೆಯೇ ಅವರು ಬೇಸಾಯಕ್ಕೆ ತೆರಳಿದರು. 2011ರ ಸೆಪ್ಟೆಂಬರಿನಲ್ಲಿ ಮೇಳವು ಜಗಳವಿಲ್ಲದೆ ವಿಸರ್ಜನೆಗೊಂಡಿತು. 2024ರಲ್ಲಿ ಗೀತರಚನಕಾರರ ಗೌರವ ಸಮಾರಂಭದಲ್ಲಿ ನಾಲ್ವರೂ ಕೂಡಿ ಒಂದು ಹಾಡನ್ನು ಹಾಡಿದರು.

ಪರಸ್ಥಳದಲ್ಲಿ ಸಂಘ ಕಟ್ಟಿಕೊಂಡಿರುವ ನಮಗೆ ಈ ಇತಿಹಾಸ ದೂರದ್ದಲ್ಲ. ಹುಟ್ಟಿದ ಊರು ದೈವ ಕೊಟ್ಟದ್ದು. ಬಂದು ನೆಲೆಸಿದ ಊರನ್ನು ನಮ್ಮದಾಗಿಸಿಕೊಳ್ಳಲು ದುಡಿಮೆ ಬೇಕು. ಮಹಾಜನರೇ, ಸಂಘಗಳು ಒಡೆಯುವುದು ಹಣವಿಲ್ಲದೆ ಅಲ್ಲ, ಬಹುಮಟ್ಟಿಗೆ ಹೆಸರಿನ ಆಸೆಯಿಂದ. ಯಾರ ಹೆಸರು ಮೊದಲು ಬರಬೇಕೆಂಬ ಪ್ರಶ್ನೆಯನ್ನು ಆ ನಾಲ್ವರು ವಿದ್ಯಾರ್ಥಿಗಳು ಆರಂಭದಲ್ಲಿಯೇ ಬಗೆಹರಿಸಿಕೊಂಡಿದ್ದರು.